ಹಳೇ ಗೇಟಿನ ಕಡತ

ಅವರು ರಾಜ್ಯಸಭೆಯ ಸದಸ್ಯರಾಗಿದ್ದದ್ದು ಒಟ್ಟು ಹದಿನಾಲ್ಕು ತಿಂಗಳು. ಅವಧಿಯ ನಡುವೆ ಒಬ್ಬರು ರಾಜೀನಾಮೆ ಕೊಟ್ಟಿದ್ದರಿಂದ ತೆರವಾದ ಸ್ಥಾನ ಅದು. ಪಕ್ಷದ ಇಬ್ಬರು ದೊಡ್ಡವರು ಅದಕ್ಕಾಗಿ ಹಟ ಹಿಡಿದು ಕೂತಿದ್ದರಿಂದ, ಯಾರ ಲೆಕ್ಕದಲ್ಲೂ ಇರದಿದ್ದ ಇವರು ಅವಿರೋಧವಾಗಿ ಆಯ್ಕೆಯಾದರು. "ಹುಲಿ ಹುಲಿ ಕಚ್ಚಾಡಿದ್ರೆ ನರಿಗೆ ಊಟ ಕಣಮ್ಮ" ಎಂದು ಅವರೇ ನಗುತ್ತಿದ್ದರು. ಯಲಹಂಕದ ಆಚೆಯ ಹಳ್ಳಿಯೊಂದರ ಒಕ್ಕಲು ಮನೆತನದವರು. ಹಾಲಿನ ಸಂಘದ ಅಧ್ಯಕ್ಷರಾಗಿದ್ದವರು. ಅವರ ಅಹಂಕಾರವಿಲ್ಲದ ಮಾತಿಗೆ ಮರುಳಾಗಿಯೇ, ಆಗಷ್ಟೇ ಎಂ.ಎ. ಮುಗಿಸಿದ್ದ ನಾನು ಸಂಜಯನಗರದ ಅವರ ಕಚೇರಿಯಲ್ಲಿ ಪತ್ರ ಬರೆಯುವ ಕೆಲಸಕ್ಕೆ ಸೇರಿದೆ.

ಕಚೇರಿ ಎಂದರೆ ಒಂದು ಮನೆಯ ನೆಲಮಾಳಿಗೆ. ಎರಡು ಕಂಪ್ಯೂಟರು, ಒಂದು ಟಿ.ವಿ., ಬಂದವರಿಗೆ ಬೆಂಚು. ಆಪ್ತ ಕಾರ್ಯದರ್ಶಿ ಸಚಿವಾಲಯದಿಂದ ನಿವೃತ್ತರಾಗಿ ಬಂದಿದ್ದ ಹಿರಿಯರು. ಮೊದಲ ವಾರ ನಾನು ಬರೆದ ಪತ್ರವೊಂದನ್ನು ಅವರು ಕನ್ನಡಕದ ಮೇಲಿಂದ ನೋಡಿ ವಾಪಸು ಕೊಟ್ಟರು.

"ಏನಮ್ಮಾ ಎಂ.ಎ., ಈ ವರ್ಗಾವಣೆ ಆಗ್ಬೇಕೋ ಬೇಡ್ವೋ?"

"ನನಗೇನ್ ಗೊತ್ತು ಸಾರ್? ಅವರು ಕೇಳಿದ್ರು, ಬರೆದೆ."

"ಅದೇ ತಪ್ಪು. ಆಗ್ಬೇಕಾದ್ದಕ್ಕೆ 'ಕೂಡಲೇ ಕ್ರಮ ಕೈಗೊಳ್ಳುವುದು' ಅಂತ ಹಾಕು. ಆಗ್ಬಾರದ್ದಕ್ಕೆ 'ನಿಯಮಾನುಸಾರ ಪರಿಶೀಲಿಸುವುದು' ಅಂತ ಹಾಕು. ಆ ಕಡೆ ಕೂತಿರೋರಿಗೆ ಅರ್ಥ ಆಗತ್ತೆ. ಕಾಗದ ಇಸ್ಕೊಂಡ್ ಹೋಗೋನಿಗೆ ಎರಡೂ ಒಂದೇ."

ನಿಯಮಾನುಸಾರ. ಎಷ್ಟು ಸಭ್ಯವಾದ ಮಾತು! ನಿಯಮದ ಪ್ರಕಾರ ನೋಡಿ ಎಂದರೆ ಯಾರು ತಾನೆ ಬೇಡ ಅನ್ನುತ್ತಾರೆ? ಆದರೆ ಅಧಿಕಾರಿಯ ಮೇಜಿನ ಮೇಲೆ ಅದರ ಅರ್ಥ, ನಮಗೆ ಇದರಲ್ಲಿ ಆಸಕ್ತಿಯಿಲ್ಲ, ಪಕ್ಕಕ್ಕಿಡಿ ಎಂದು. ಒಂದೇ ತಿಂಗಳಲ್ಲಿ ನನ್ನ ಕೈ ಪಳಗಿತು. ಗುಟ್ಟು ಗೊತ್ತಿದೆ ಎಂಬ ಸಣ್ಣ ಗರ್ವವೂ ಬಂತು. ಆರ್.ಟಿ. ನಗರದಿಂದ ಬಂದಿದ್ದ ವೃದ್ಧರೊಬ್ಬರು ನಾನು ಕೊಟ್ಟ 'ನಿಯಮಾನುಸಾರ'ದ ಪತ್ರವನ್ನು ಕಣ್ಣಿಗೊತ್ತಿಕೊಂಡು ಹೋದರು. ಅವರು ಗೇಟು ದಾಟುವ ಮುಂಚೆಯೇ ನಾನು ಮುಂದಿನವರನ್ನು ಕರೆದಿದ್ದೆ.

ಮೂರನೆಯ ತಿಂಗಳಲ್ಲಿ ಅಂಗನವಾಡಿ ಟೀಚರ್ ಬಂದರು. ನಲವತ್ತೈದರ ಆಸುಪಾಸಿನ, ಗಟ್ಟಿ ದನಿಯ ಹೆಂಗಸು. ಯಲಹಂಕ ಜಂಕ್ಷನ್ನಿಗೆ ಸ್ವಲ್ಪ ಮುಂಚೆ ರೈಲು ಹಳಿ ಅವರ ಹಳ್ಳಿಯನ್ನು ಎರಡು ಪಾಲು ಮಾಡುತ್ತದೆ. ಅಲ್ಲೊಂದು ಗೇಟಿತ್ತು. ದೂರದಲ್ಲಿ ಮೇಲ್ಸೇತುವೆ ಕಟ್ಟಿದ ಮೇಲೆ ಗೇಟು ಮುಚ್ಚಿದರು. ಬಸ್ಸು ಕಾರುಗಳಿಗೆ ಸೇತುವೆ ಸರಿ, ನಡೆಯುವವರಿಗೆ ಅದು ಒಂದೂವರೆ ಕಿಲೋಮೀಟರ್ ಸುತ್ತು. ಹಾಗಾಗಿ ಊರಿನವರು ಮುಚ್ಚಿದ ಗೇಟಿನ ಪಕ್ಕದಲ್ಲೇ ಹಳಿ ದಾಟುತ್ತಿದ್ದರು. ಊರಿನ ಬಾಯಲ್ಲಿ ಆ ಜಾಗ 'ಹಳೇ ಗೇಟು'.

"ನಮ್ಗೆ ಕಾರ್ ಓಗೋ ಸೇತ್ವೆ ಬ್ಯಾಡ ಮೇಡಮ್ಮೋರೇ," ಟೀಚರ್ ಹೇಳಿದರು. "ಮನುಸ್ರು ತಲೆ ಬಗ್ಗಿಸ್ಕೊಂಡ್ ಓಗೋ ಅಂತ ಒಂದ್ ಅಂಡರ್‌ಪಾಸ್ ಸಾಕು. ಇಂಗೆ ಮಕ್ಳನ್ನ ಕರ್ಕೊಂಡ್ ದಿನಾ ದಾಟ್ತೀನಿ, ನನ್ ಜೀವ ಬಾಯಿಗ್ ಬತ್ತದೆ."

ಸದಸ್ಯರು ಅಂದು ಕಚೇರಿಯಲ್ಲೇ ಇದ್ದರು. "ನಾನೂ ಅದೇ ಹಳಿ ದಾಟಿ ಸ್ಕೂಲಿಗ್ ಹೋದೋನು ತಾಯಿ" ಎಂದರು. ಅವರ ಕಣ್ಣಲ್ಲಿ ನೀರಿತ್ತು. ನನ್ನ ಕಡೆ ತಿರುಗಿ, "'ಕೂಡಲೇ' ಅಂತ ಹಾಕಮ್ಮ" ಎಂದರು.

ಕ್ರಮ ಹೀಗಿತ್ತು. ಸಂಸದರ ಪ್ರದೇಶಾಭಿವೃದ್ಧಿ ಅನುದಾನದಿಂದ ಕಾಮಗಾರಿ ಆಗಬೇಕಾದರೆ ಸದಸ್ಯರು ಜಿಲ್ಲಾ ಕಚೇರಿಗೆ ಶಿಫಾರಸು ಪತ್ರ ಕೊಡಬೇಕು. ಅಲ್ಲಿ ಕಡತ ತೆರೆದು ಸಂಖ್ಯೆ ಕೊಡುತ್ತಾರೆ. ಹಳಿಯ ಕೆಳಗಿನ ಕೆಲಸವಾದ್ದರಿಂದ ಕಟ್ಟುವುದು ರೈಲ್ವೆ, ವೆಚ್ಚವನ್ನು ಮೊದಲೇ ಅವರಲ್ಲಿ ಠೇವಣಿ ಇಡುವುದು ಜಿಲ್ಲಾ ಕಚೇರಿ. ನಾನು ಪತ್ರ ಬರೆದೆ, ಸದಸ್ಯರು ಸಹಿ ಮಾಡಿದರು, ಕಡತ ತೆರೆಯಿತು. ಆಮೇಲೆ ಅದು ಆರು ತಿಂಗಳು ಈ ಮೇಜಿನಿಂದ ಆ ಮೇಜಿಗೆ ಓಡಾಡಿತು. ಕೊನೆಗೆ ರೈಲ್ವೆಯಿಂದ ಒಂದು ಪ್ರಶ್ನೆ ಬಂತು: ಆ ಜಾಗದಲ್ಲಿ ದಿನಕ್ಕೆ ಎಷ್ಟು ಜನ ದಾಟುತ್ತಾರೆ? ಮೂರು ದಿನದ ಎಣಿಕೆ ಬೇಕು.

ಆ ಪ್ರಶ್ನೆ ಬಂದ ವಾರವೇ ಸದಸ್ಯರು ಅಧಿವೇಶನಕ್ಕೆ ದೆಹಲಿಗೆ ಹೊರಟಿದ್ದರು. ಹೊರಡುವ ಮುನ್ನ ಸಹಿಗೆ ಪತ್ರಗಳ ರಾಶಿ ಸಿದ್ಧವಾಗಬೇಕಿತ್ತು. ಕಾರ್ಯದರ್ಶಿ ಒಂದು ಚೀಟಿಯಿಂದ ಕಡತ ಸಂಖ್ಯೆಗಳನ್ನು ಓದುತ್ತ ಹೋದರು. "ಇದಕ್ಕೆ ಕೂಡಲೇ. ಇದಕ್ಕೆ ನಿಯಮಾನುಸಾರ. ಇದಕ್ಕೂ ನಿಯಮಾನುಸಾರ, ಅನುದಾನ ಪಟ್ಟಿಯ ಎರಡನೇ ಕಾಮಗಾರಿಗೆ ಬಳಸಿಕೊಳ್ಳುವುದು." ನಮೂನೆ ಮೊದಲೇ ಇತ್ತು, ಸಂಖ್ಯೆ ಬದಲಿಸಿದರೆ ಮುಗಿಯಿತು. ಒಂದು ಮಧ್ಯಾಹ್ನಕ್ಕೆ ನಲವತ್ತೊಂದು ಪತ್ರ. ಕಚೇರಿಯ ರೂಢಿಯಂತೆ ಪ್ರತಿಯೊಂದರ ಎಡ ಮೂಲೆಯಲ್ಲಿ ನನ್ನ ಹೆಸರಿನ ಮೊದಲಕ್ಷರಗಳು. "ಭಲೇ ಎಂ.ಎ." ಎಂದು ಕಾರ್ಯದರ್ಶಿ ಕಾಫಿ ತರಿಸಿದರು. ನನಗೆ ಖುಷಿಯಾಗಿತ್ತು.

ಹನ್ನೊಂದು ದಿನದ ನಂತರ ಎಣಿಕೆ ಶುರುವಾಯಿತು.

ಹಳಿಯ ಈ ಬದಿಗೆ ನಾನು ಮತ್ತು ಟೀಚರ್, ಆ ಬದಿಗೆ ಊರಿನ ನಿವೃತ್ತ ಪೋಸ್ಟ್‌ಮ್ಯಾನ್. ಬೆಳಿಗ್ಗೆ ಆರರಿಂದ ಹತ್ತು, ಸಂಜೆ ನಾಲ್ಕರಿಂದ ಏಳು. ನೋಟ್‌ಬುಕ್ಕಿನಲ್ಲಿ ತಲೆಗೊಂದು ಗೀಟು, ಐದನೆಯದು ಅಡ್ಡ. ಗಾರ್ಮೆಂಟ್ಸ್ ಹೆಂಗಸರು, ಸೊಪ್ಪಿನ ಮಂಕರಿ ಹೊತ್ತವರು, ಶಾಲೆಯ ಮಕ್ಕಳು, ಅಪಾರ್ಟ್‌ಮೆಂಟುಗಳಿಗೆ ಮನೆಗೆಲಸಕ್ಕೆ ಹೋಗುವವರು. ಎರಡು ಮೇಕೆ ಹಿಡಿದು ಬಂದ ಮುದುಕ ನಮ್ಮ ಮುಂದೆ ನಿಂತ.

"ಮೇಕೆಗೂ ಒಂದೊಂದ್ ಗೀಟ್ ಆಕಿ ಮೇಡಮ್ಮೋರೇ. ಅವೂ ಊರಿನವೇಯ."

"ಓಟಿದ್ರೆ ಆಕ್ತಾರೆ, ನಡಿ ನಡಿ" ಎಂದರು ಟೀಚರ್. ಇನ್ನೊಬ್ಬ ಪಡ್ಡೆ ಎಣಿಕೆ ಹೆಚ್ಚಲಿ ಎಂದು ನಾಲ್ಕು ಸಲ ಅತ್ತಿತ್ತ ದಾಟಿ, "ಬರ್ಕೊಂಡ್ರಾ ಮೇಡಂ?" ಎಂದು ಕೇಳಿದ. ಟೀಚರ್ ಅವನಿಗೆ ಬೈದು, ಮೂರು ಗೀಟು ನನ್ನಿಂದ ಅಳಿಸಿ ಹಾಕಿಸಿದರು. "ಸುಳ್ಳು ಲೆಕ್ಕ ಬ್ಯಾಡ. ನಿಜವೇ ಸಾಕಷ್ಟೈತೆ."

ಮೂರನೆಯ ದಿನ ಸಂಜೆ ಏಳಾಗುತ್ತಿದ್ದಾಗ ಒಂದು ಗೂಡ್ಸ್ ಗಾಡಿ ಬಂದು ಸಿಗ್ನಲ್‌ಗೆ ನಿಂತಿತು. ಎರಡೂ ತುದಿ ಕಾಣದಷ್ಟು ಉದ್ದ. ಹೀಗೆ ನಿಂತಾಗ ಊರಿನವರು ಏನು ಮಾಡುತ್ತಾರೆ ಎಂದು ಎರಡು ದಿನದಿಂದ ನೋಡಿದ್ದೆ. ಬಗ್ಗಿ, ವ್ಯಾಗನ್ನಿನ ಕೆಳಗೆ ನುಸುಳಿ, ಆ ಕಡೆ ಏಳುತ್ತಾರೆ. ಉಸಿರು ಹಿಡಿದು ಹತ್ತು ಎಣಿಸುವಷ್ಟರ ಕೆಲಸ. ಆ ಬದಿಯ ನೋಟ್‌ಬುಕ್ ತಂದರೆ ನಮ್ಮ ಎಣಿಕೆ ಮುಗಿಯುತ್ತಿತ್ತು. ಅಂದು ರಾತ್ರಿಯೇ ಕೂಡಿಸಿ, ಬೆಳಿಗ್ಗೆ ಜಿಲ್ಲಾ ಕಚೇರಿಗೆ ತಲುಪಿಸುವ ಆತುರ ನನ್ನದು.

"ನೀವ್ ಕೂತಿರಿ, ನಾನ್ ತತ್ತೀನಿ" ಎಂದರು ಟೀಚರ್.

"ಬೇಡ, ನಾನೂ ಬರ್ತೀನಿ" ಎಂದೆ.

"ಅಂಗಾದ್ರೆ ಬ್ಯಾಗ್ ಎದೆಗ್ ಹಿಡ್ಕಂಡ್ ಬಗ್ಗಿ ಬನ್ನಿ. ತಲೆ ಎತ್ಬೇಡಿ."

ಅವರು ಮೊದಲು ನುಸುಳಿ ಆ ಕಡೆ ಎದ್ದು ನಿಂತರು. ನಾನು ಎರಡು ಹಳಿಗಳ ನಡುವೆ ಇದ್ದೆ. ನನ್ನ ವೇಲಿನ ತುದಿ ಮೇಲೆ ಯಾವುದೋ ಕಬ್ಬಿಣಕ್ಕೆ ಸಿಕ್ಕಿಕೊಂಡಿತು. ಎಳೆದೆ, ಬರಲಿಲ್ಲ. ಕತ್ತಿಗೆ ಬಿಗಿಯಿತು. ಟೀಚರ್ ನೋಡಿದವರೇ ಮತ್ತೆ ಬಗ್ಗಿ ಒಳಗೆ ಬಂದರು. ಆಗ ಶಬ್ದ ಬಂತು. ಇಂಜಿನ್ ಎಳೆದಾಗ ಒಂದೊಂದೇ ಕೊಂಡಿ ಬಿಗಿಯುವ ಶಬ್ದ. ದೂರದಿಂದ, ಒಂದಾದ ಮೇಲೆ ಒಂದು, ನಮ್ಮ ಕಡೆಗೆ ಬರುತ್ತಿತ್ತು. ನಾಲ್ಕೈದು ವ್ಯಾಗನ್ನಿನಷ್ಟು ಹೊತ್ತು ನನಗೆ ಅದು ಕೇಳಿಸಿತು. ಅಷ್ಟರಲ್ಲಿ ಅವರು ವೇಲನ್ನು ಹರಿದು, ಎರಡೂ ಕೈಯಿಂದ ನನ್ನ ಭುಜ ತಳ್ಳಿದರು. ನಾನು ಜಲ್ಲಿಯ ಮೇಲೆ ಬಿದ್ದೆ. ಅವರ ಎಡಗಾಲು ಹೊರಗೆ ಬಂದಿರಲಿಲ್ಲ.

ಇಷ್ಟನ್ನು ಬರೆಯಲು ನನಗೆ ಮೂರು ದಿನ ಹಿಡಿಯಿತು. ರಸ್ತೆಯಲ್ಲಿ ಲಾರಿಯ ಹಿಂಬಾಗಿಲು ಬಡಿದರೂ ನಾನು ಎಲ್ಲಿದ್ದೇನೆಂದು ನೋಡಿಕೊಳ್ಳುತ್ತೇನೆ. ಪ್ರತಿ ಸಲವೂ ಮನಸ್ಸು ಆ ಕ್ಷಣಕ್ಕೆ ಹೋಗಿ, ವೇಲನ್ನು ಕತ್ತಿನಿಂದ ತೆಗೆದು ಬಿಸಾಡು ಎಂದು ನನಗೇ ಹೇಳುತ್ತದೆ. ಅಷ್ಟು ಸುಲಭವಿತ್ತು. ನಾನು ಎಳೆಯುತ್ತ ಕೂತೆ.

ಆಸ್ಪತ್ರೆಯಲ್ಲಿ ಪಾದವನ್ನು ಉಳಿಸಲಾಗಲಿಲ್ಲ. ಮೂರನೆಯ ದಿನ ಸದಸ್ಯರು ದೆಹಲಿಯಿಂದ ಬಂದು ಮಂಚದ ಪಕ್ಕ ನಿಂತು ಅತ್ತರು. ಆ ಅಳು ನಟನೆ ಎಂದು ನನಗೆ ಇವತ್ತಿಗೂ ಅನ್ನಿಸುವುದಿಲ್ಲ. "ಸದನದಲ್ಲಿ ಎತ್ತುತ್ತೀನಿ ತಾಯಿ, ನೋಡ್ತಾ ಇರು" ಎಂದರು.

ಸದನದಲ್ಲಿ ಹೀಗೆ ವಿಷಯ ಎತ್ತುವುದಕ್ಕೆ ವಿಶೇಷ ಪ್ರಸ್ತಾಪ ಎನ್ನುತ್ತಾರೆ, ಅದಕ್ಕೆ ಪದಮಿತಿ ಇರುತ್ತದೆ. ಮೊದಲೇ ಬರೆದು ಕೊಟ್ಟು ಒಪ್ಪಿಗೆ ಪಡೆದದ್ದನ್ನಷ್ಟೇ ಓದಬೇಕು. ಕನ್ನಡದಲ್ಲಿ ಓದುವುದಾದರೆ ಅನುವಾದಕರಿಗೆ ಮುಂಚೆ ತಿಳಿಸಬೇಕು. ನಾನು ಹನ್ನೆರಡು ಸಲ ತಿದ್ದಿದೆ. 'ದುರದೃಷ್ಟಕರ' ಎಂಬುದನ್ನು ತೆಗೆದು 'ತಡೆಯಬಹುದಾಗಿದ್ದ' ಎಂದು ಹಾಕಿದೆ. ಅವರು ಅದನ್ನು ಓದಿದ ದಿನ ಕಚೇರಿಯ ಟಿ.ವಿ. ಮುಂದೆ ಎಲ್ಲರೂ ನಿಂತಿದ್ದೆವು. ಚೆನ್ನಾಗಿ ಓದಿದರು, ಒಂದು ಕಡೆ ದನಿ ನಡುಗಿತು, ಬೇರೆ ಪಕ್ಷದವರೂ ಮೇಜು ತಟ್ಟಿದರು. ಊರಿನಲ್ಲಿ ಪಟಾಕಿ ಹೊಡೆದರೆಂದು ಪೋಸ್ಟ್‌ಮ್ಯಾನ್ ಫೋನ್ ಮಾಡಿದರು. ನಾನು ಬಚ್ಚಲಿಗೆ ಹೋಗಿ ಅತ್ತು ಬಂದೆ.

ಆ ಭಾಷಣದ ಪ್ರತಿ ಮತ್ತು ಎಣಿಕೆಯ ಪಟ್ಟಿಯನ್ನು ಕಡತಕ್ಕೆ ಸೇರಿಸಲು ಎರಡು ದಿನದ ನಂತರ ಜಿಲ್ಲಾ ಕಚೇರಿಗೆ ಹೋದೆ. ಆ ವಿಭಾಗದ ಗುಮಾಸ್ತರು ಮರ್ಯಾದಸ್ಥರು. ಕಾಗದ ತೆಗೆದುಕೊಂಡು ನನ್ನ ಮುಖವನ್ನೇ ನೋಡಿದರು.

"ಇದನ್ನ ಎಲ್ಲಿ ಹಾಕ್ಲಿ ಮೇಡಂ? ಈ ಕಡತ ಮುಗಿದಿದೆಯಲ್ಲ."

"ಮುಗಿದಿದೆ ಅಂದ್ರೆ?"

"ನಿಮ್ ಕಚೇರಿಯಿಂದಲೇ ಬಂತಲ್ರೀ. ನಿಯಮಾನುಸಾರ ಅಂತ. ಅನುದಾನ ಸಮುದಾಯ ಭವನಕ್ಕೆ ಹೋಯ್ತು."

ಕಡತ ಬಿಚ್ಚಿ ನನ್ನ ಕಡೆ ತಿರುಗಿಸಿದರು. ಮೇಲ್ಗಡೆ ನಮ್ಮ ಲೆಟರ್‌ಹೆಡ್. ಕೆಳಗೆ ಸದಸ್ಯರ ಸಹಿ. ವಿಷಯದ ಸಾಲಿನಲ್ಲಿ ಊರಿನ ಹೆಸರಿಲ್ಲ, ಹಳೇ ಗೇಟು ಎಂದಿಲ್ಲ, ಕಡತ ಸಂಖ್ಯೆ ಮಾತ್ರ. ಎಡ ಮೂಲೆಯಲ್ಲಿ ನನ್ನ ಹೆಸರಿನ ಅಕ್ಷರಗಳು. ತಾರೀಖು, ನಾವು ಎಣಿಕೆ ಶುರು ಮಾಡಿದ್ದಕ್ಕಿಂತ ಹನ್ನೊಂದು ದಿನ ಹಿಂದಿನದು.

ನಲವತ್ತೊಂದರಲ್ಲಿ ಒಂದು. ಆರು ತಿಂಗಳು ಆ ಕಡತದ ಹಿಂದೆ ಅಲೆದಿದ್ದೆ, ಅದರ ಸಂಖ್ಯೆ ಬಾಯಿಪಾಠ ಮಾಡಿಕೊಂಡಿರಲಿಲ್ಲ. ನನಗದು ಹಳೇ ಗೇಟು. ಕಚೇರಿಗಳಿಗೆ ಅದು ಒಂದು ಅಂಕಿ. ನಾವು ಹಳಿಯ ಪಕ್ಕ ಕೂತು ಗೀಟು ಹಾಕುತ್ತಿದ್ದಾಗ ಆ ಗೀಟುಗಳು ಯಾರಿಗೂ ಬೇಕಿರಲಿಲ್ಲ. ಟೀಚರ್ ಕಾಲು ಕೊಟ್ಟಿದ್ದು ಮುಚ್ಚಿಹೋದ ಕಡತಕ್ಕೆ.

ಮರುದಿನ ಬೆಳಿಗ್ಗೆ ಸದಸ್ಯರು ಕಚೇರಿಯ ಹಿಂದಿನ ಕೋಣೆಯಲ್ಲಿ ಇಡ್ಲಿ ತಿನ್ನುತ್ತಿದ್ದರು. ಕಾರ್ಯದರ್ಶಿ ಪಕ್ಕದಲ್ಲಿ ಪತ್ರಿಕೆ ಹಿಡಿದಿದ್ದರು. ನಾನು ಪತ್ರದ ಪ್ರತಿಯನ್ನು ಮೇಜಿನ ಮೇಲಿಟ್ಟೆ.

"ಕೂತ್ಕೊ ತಾಯಿ. ಇಡ್ಲಿ ತಿಂತೀಯಾ?"

"ಸಾರ್, ಇದು ನಿಮ್ಮ ಸಹಿಯಾ?"

ನೋಡಿದರು. ತಡವರಿಸಲಿಲ್ಲ. "ನಂದೇ."

"ಮತ್ತೆ ಸದನದಲ್ಲಿ ಓದಿದ್ದು?"

"ಅದ್ರಲ್ಲಿ ಒಂದಕ್ಷರ ಸುಳ್ಳಿದೆಯಾ? ನೀನೇ ಬರ್ದಿದ್ದು." ಚಟ್ನಿಯಲ್ಲಿ ಇಡ್ಲಿ ಅದ್ದಿ ಹಾಗೇ ಹಿಡಿದುಕೊಂಡರು. "ನೋಡಮ್ಮ, ಅಂಡರ್‌ಪಾಸ್ ಮುಗಿಯೋಕೆ ಮೂರ್ ವರ್ಷ. ಅಷ್ಟೊತ್ತಿಗೆ ನಾನ್ಯಾರು? ಮಾಜಿ. ಕಲ್ಲಿನ ಮೇಲೆ ಇನ್ಯಾವನ್ದೋ ಹೆಸರು. ಭವನಕ್ಕೆ ಆರ್ ತಿಂಗ್ಳು ಸಾಕು. ಹದಿನಾಲ್ಕು ತಿಂಗ್ಳಿಗೆ ಬಂದೋನು ನಾನು, ಒಂದ್ ಕಲ್ಲಾದ್ರೂ ಬೇಡ್ವಾ? ಇಲ್ದಿದ್ರೆ ನಾಳೆ ಎಮ್ಮೆಲ್ಲೆ ಟಿಕೆಟ್ ಕೇಳಕ್ಕೆ ಯಾವ್ ಮುಖ ಇಟ್ಕೊಂಡ್ ಹೋಗ್ಲಿ?"

"ಜನ ಸಾಯ್ತಾರೆ ಸಾರ್."

"ನಾನ್ ಹುಟ್ಟೋಕ್ ಮುಂಚಿಂದ ದಾಟ್ತಾವ್ರೆ."

"ನಮಗೆ ಹೇಳಬಹುದಿತ್ತು. ಎಣಿಕೆ ಬೇಡ ಅಂತ ಒಂದು ಮಾತು ಹೇಳಿದ್ರೆ ನಾವು ಅಲ್ಲಿಗೆ ಹೋಗ್ತಾನೇ ಇರ್ಲಿಲ್ಲ."

ಅವರು ಹಿಡಿದಿದ್ದ ಇಡ್ಲಿಯನ್ನು ಬಾಯಿಗಿಟ್ಟುಕೊಂಡರು. ಕಾರ್ಯದರ್ಶಿ ಪತ್ರಿಕೆ ಮಡಚಿದರು. "ಟೈಪ್ ಮಾಡೋವಾಗ ಓದ್ಲಿಲ್ವೇನಮ್ಮಾ ಎಂ.ಎ.?"

ಇಬ್ಬರ ಮೇಲೂ ಕೂಗಬೇಕೆಂದು ಹೋಗಿದ್ದೆ. ಆ ಒಂದು ಮಾತಿಗೆ ಪತ್ರದ ಪ್ರತಿಯನ್ನು ಮಡಚಿಕೊಂಡು ಹೊರಗೆ ಬಂದೆ.

ಅಷ್ಟರಲ್ಲಿ ಊರಿನವರು ಸದಸ್ಯರಿಗೆ ಅಭಿನಂದನೆ ಏರ್ಪಡಿಸಿದ್ದರು. ಭಾನುವಾರ, ಅಂಗನವಾಡಿ ಮುಂದಿನ ಬಯಲಿನಲ್ಲಿ. ಹಾರ ಹಾಕಬೇಕಾದವರು ಟೀಚರ್. ಶನಿವಾರ ನಾನು ಅವರ ಮನೆಗೆ ಹೋಗಿ ಎಲ್ಲವನ್ನೂ ಹೇಳಿದೆ. ಭವನ, ಕಲ್ಲು, ನಿಯಮಾನುಸಾರ ಎಂಬ ಮಾತಿನ ಅರ್ಥ. ಕೊನೆಗೆ, ಅದನ್ನು ಟೈಪ್ ಮಾಡಿದ್ದು ನಾನೇ ಎಂದೆ.

ಅವರು ದಿಂಬಿನ ಮೇಲಿಟ್ಟ ತಮ್ಮ ಕಾಲನ್ನು ನೋಡಿದರು. ಮೇಲೆ ಜಕ್ಕೂರಿನ ತರಬೇತಿ ವಿಮಾನವೊಂದು ಗುರ್ ಎನ್ನುತ್ತ ಹೋಯಿತು. ಅದರ ಸದ್ದು ಅಡಗಿದ ಮೇಲೆ ಕೇಳಿದರು:

"ಈಗ 'ಕೂಡಲೇ' ಅಂತ ಇನ್ನೊಂದ್ ಕಾಗ್ದ ಕೊಟ್ರೆ ನಡೀತದಾ?"

"ಅವರ ಅವಧಿ ಇನ್ನೂ ಐದು ವಾರ ಇದೆ. ಅದರೊಳಗೆ ತಲುಪಿದರೆ ನಡೆಯತ್ತೆ. ಆಮೇಲೆ ಕೊಟ್ಟರೆ ಅದಕ್ಕೆ ಬೆಲೆ ಇಲ್ಲ. ಆದ್ರೆ ಅವರು ಸಹಿ ಮಾಡಲ್ಲ."

"ಸೈನ್ ಆಕ್ಸದು ನನ್ ಕೆಲ್ಸ. ತಲುಪ್ಸದು ನಿನ್ ಕೆಲ್ಸ. ಓಗಿ ಕಾಗ್ದ ಬರಿ."

'ನೀವು' ಹೋಗಿ 'ನೀನು' ಬಂದಿದ್ದನ್ನು ಆಗಲೇ ಗಮನಿಸಿದೆ. ಹಿಂದಿನ ಪತ್ರವನ್ನು ರದ್ದುಪಡಿಸಿ ಈ ಕಾಮಗಾರಿಗೆ ಅನುದಾನ ಮರಳಿಸುವುದು ಎಂದು ಬರೆದೆ. ಈ ಸಲ ಊರಿನ ಹೆಸರು, ಗೇಟು, ಕಡತ ಸಂಖ್ಯೆ ಎಲ್ಲವನ್ನೂ ಹಾಕಿದೆ. ಮೂರು ಸಲ ಓದಿದೆ.

ಭಾನುವಾರ ಶಾಮಿಯಾನ ತುಂಬಿತ್ತು. ಸದಸ್ಯರಿಗೆ ಪೇಟ ಸುತ್ತಿದರು, ಶಾಲು ಹೊದಿಸಿದರು. ಟೀಚರನ್ನು ಕುರ್ಚಿ ಸಮೇತ ವೇದಿಕೆಗೆ ಎತ್ತಿಟ್ಟರು. ಅವರ ತೊಡೆಯ ಮೇಲಿನ ತಟ್ಟೆಯಲ್ಲಿ ಹಾರ, ಹಾರದ ಕೆಳಗೆ ಪತ್ರ. ಮೈಕು ಕೈಗೆ ಬಂದಾಗ ಅವರ ದನಿ ಅಂಗನವಾಡಿಯಲ್ಲಿ ಮಕ್ಕಳನ್ನು ಕೂರಿಸುವ ದನಿಯೇ ಆಗಿತ್ತು.

"ಅಣ್ಣ ದಿಲ್ಲೀಲಿ ನಮ್ ಇಸ್ಯ ಮಾತಾಡವ್ರೆ. ಅಲ್ಲಿ ಏನ್ ಏಳಿದ್ರೋ ಅದನ್ನೇ ಈ ಕಾಗ್ದದಾಗೆ ಬರ್ಸೀವ್ನಿ. ಮೊದ್ಲು ಒಂದ್ ಸೈನ್ ಆಕ್ಲಿ, ಆಮೇಲ್ ನಾನ್ ಆರ ಆಕ್ತೀನಿ. ಸರೀನಾ ಇಲ್ವಾ ನೀವೇ ಏಳಿ."

ಊರು ಚಪ್ಪಾಳೆ ತಟ್ಟಿತು. ಸದಸ್ಯರು ಪತ್ರ ಓದಿದರು. ಎರಡನೆಯ ಸಲವೂ ಓದಿದರು. ತಲೆ ಎತ್ತಿ ಜನರ ನಡುವೆ ಹುಡುಕಿ, ಸೌಂಡ್ ಬಾಕ್ಸ್ ಪಕ್ಕ ನಿಂತಿದ್ದ ನನ್ನನ್ನು ಕಂಡರು. ಆಮೇಲೆ ನಕ್ಕು, ಜೇಬಿನಿಂದ ಪೆನ್ನು ತೆಗೆದು ಸಹಿ ಹಾಕಿದರು. ಟೀಚರ್ ಹಾರ ಹಾಕಿ, ಕಾಗದವನ್ನು ನನ್ನ ಕೈಗೆ ದಾಟಿಸಿದರು. ಕಾರು ಹೊರಡುವಾಗ ಕಿಟಕಿ ಇಳಿಸಿ ನನಗೆ ಒಂದೇ ಮಾತು ಹೇಳಿದರು: "ತುಂಬಾ ಓದಿದೀಯ ತಾಯಿ."

ಸಂಜೆ ಕಾರ್ಯದರ್ಶಿ ಫೋನ್ ಮಾಡಿದರು. "ಆ ಕಾಗದಕ್ಕೆ ಈಗಲೇ ನಂಬರ್ ಹಾಕ್ಬೇಡ. ನನ್ ಡ್ರಾಯರ್‌ನಲ್ಲಿಡು. ನಾನ್ ಹೇಳ್ದಾಗ ಹಾಕು." ಯಾವಾಗ ಹೇಳುತ್ತಾರೆಂದು ಇಬ್ಬರಿಗೂ ಗೊತ್ತಿತ್ತು. ರವಾನೆ ಸಂಖ್ಯೆಯಿಲ್ಲದ ಪತ್ರ ಪತ್ರವೇ ಅಲ್ಲ. ಐದು ವಾರ ಡ್ರಾಯರಿನಲ್ಲಿ ಮಲಗಿದರೆ ಸದಸ್ಯರು ಮಾಜಿಯಾಗುತ್ತಾರೆ, ಸಹಿ ಬರೀ ಶಾಯಿಯಾಗುತ್ತದೆ.

"ಆಗಲಿ ಸಾರ್" ಎಂದೆ. ಅವರಿಗೆ ನಾನು ಹೇಳಿದ ಮೊದಲ ಸುಳ್ಳು ಅದು.

ಸೋಮವಾರ ಎಂಟಕ್ಕೆ ಮುಂಚೆ ನನ್ನ ಬಳಿಯಿದ್ದ ಕೀಲಿಯಿಂದ ಕಚೇರಿ ತೆರೆದೆ. ರವಾನೆ ವಹಿಯಲ್ಲಿ ಸಂಖ್ಯೆ ಬರೆದು, ಆ ದಿನದ ತಾರೀಖು ಹಾಕಿ, ಮೊಹರು ಒತ್ತಿದೆ. ಆತುರದಲ್ಲಿ ಮೊಹರು ಎರಡೆರಡಾಗಿ ಮೂಡಿತು. ವಿಮಾನ ನಿಲ್ದಾಣದ ರಸ್ತೆಯ ಕಾಮಗಾರಿಯಿಂದ ಹೆಬ್ಬಾಳದಲ್ಲಿ ಆಟೋ ಮುಕ್ಕಾಲು ಗಂಟೆ ನಿಂತಿತು. ಮೊಬೈಲ್ ನಾಲ್ಕು ಸಲ ಬಡಿದುಕೊಂಡಿತು. ನಾನು ತೆಗೆಯಲಿಲ್ಲ. ಗುಮಾಸ್ತರು ಪತ್ರವನ್ನು ತಿರುಗಿಸಿ ನೋಡಿ, ನನ್ನ ಪ್ರತಿಯ ಮೇಲೆ ಸ್ವೀಕೃತಿ ಹಾಕಿಕೊಟ್ಟರು.

"ಎರಡೂ ಪತ್ರಾನ ಸಾಹೇಬರಿಗೆ ಮಂಡಿಸ್ತೀನಿ ಮೇಡಂ. ಕೊನೇ ತಾರೀಖಿನ ಪತ್ರದ್ದೇ ಲೆಕ್ಕ. ನಿಮಗೆ ತೊಂದ್ರೆ ಆಗಲ್ವಾ?"

ತೊಂದರೆ ಮಧ್ಯಾಹ್ನದ ಹೊತ್ತಿಗೆ ಮುಗಿದಿತ್ತು. ಕೀಲಿಯನ್ನು ಕಾರ್ಯದರ್ಶಿಯ ಮೇಜಿನ ಮೇಲಿಟ್ಟೆ. ಅವರು ನನ್ನ ಕಡೆ ನೋಡದೆ ಡ್ರಾಯರಿಗೆ ಹಾಕಿಕೊಂಡರು. ಸದಸ್ಯರು ಒಳಗಿನ ಕೋಣೆಯಲ್ಲಿದ್ದರು, ಹೊರಗೆ ಬರಲಿಲ್ಲ.

ಅವಧಿ ಮುಗಿಯುವ ವಾರ ಜಿಲ್ಲಾ ಕಚೇರಿಯಿಂದ ರೈಲ್ವೆಗೆ ಪತ್ರ ಹೋಯಿತು. ಅಂದಾಜು ಪಟ್ಟಿ ಕಳಿಸಿ, ಠೇವಣಿ ಇಡುತ್ತೇವೆ ಎಂದು. ಭವನದ ಗುದ್ದಲಿ ಪೂಜೆ ನಿಂತಿತು. ಗುಮಾಸ್ತರು ಕೊಟ್ಟ ಆ ಪತ್ರದ ಪ್ರತಿ ಹಿಡಿದು ಟೀಚರ್ ಮನೆಗೆ ಹೋದೆ. ಅವರು ಕನ್ನಡಕ ಹಾಕಿಕೊಂಡು ಅಕ್ಷರ ಅಕ್ಷರವಾಗಿ ಓದಿದರು. 'ನಿಯಮಾನುಸಾರ' ಎಲ್ಲಾದರೂ ಇದೆಯೇ ಎಂದು ಬೆರಳಿಟ್ಟು ಹುಡುಕಿದರು. ಇರಲಿಲ್ಲ. ಮಗಳನ್ನು ಕೂಗಿ ಟೀ ಮಾಡಿಸಿದರು.

ನಾನು ಕುಡಿದು ಮುಗಿಸಿದ ಮೇಲೆ ಕಾಗದವನ್ನು ಮಡಚಿ ದಿಂಬಿನ ಕೆಳಗಿಟ್ಟರು.

"ಕಾಗ್ದ ತಲುಪ್ಸಿದ್ದೀಯ. ಕೆಲ್ಸಾನೂ ಕಳ್ಕೊಂಡಿದ್ದೀಯ. ಅದಕ್ಕೆ ಟೀ ಕೊಟ್ಟೆ" ಎಂದರು. "ಇನ್ಮೇಲೆ ಈ ಕಡೆ ಬರ್ಬೇಡ ಕಣವ್ವ."

"ಟೀಚರ್..."

"ಅವ್ನು ಮೋಸ ಮಾಡ್ದ, ಅದು ನಂಗ್ ಒಸದಲ್ಲ. ಅಂತೋರ್ನ ನೋಡೀವ್ನಿ. ನೀನು ನನ್ ಪಕ್ಕದಾಗ್ ಕೂತು ಮೂರ್ ದಿನ ಗೀಟ್ ಆಕ್ದೋಳು. ನಿನ್ ಮ್ಯಾಲೆ ಕ್ವಾಪ ಮಾಡ್ಕಳಾಕೂ ಆಗಲ್ಲ, ನಿನ್ ಮಕ ನೋಡಾಕೂ ಆಗಲ್ಲ."

ಲೋಟ ತೊಳೆದಿಡೋಣವೆಂದು ಎದ್ದೆ.

"ಅಲ್ಲೇ ಇಡು" ಎಂದರು.